ಮುಯ್ಯಿ ಪುಸ್ತಕದಲ್ಲಿ ಇಲ್ಲದ 80 ಗ್ರಾಂ

ಬೆಂಗಳೂರಿನ ಲಗ್ಗೆರೆ ಬ್ರಿಡ್ಜಿನ ಆಸುಪಾಸಿನ ಯಾವುದಾದರೂ ಛತ್ರಕ್ಕೆ ಧಾರೆಯ ದಿನ ಹೋಗಿ ನೋಡಿ. ವೇದಿಕೆಯ ಪಕ್ಕ ಒಂದು ಮೇಜು, ಎರಡು ಪ್ಲಾಸ್ಟಿಕ್ ಕುರ್ಚಿ, ಮೂಲೆಗಳಿಗೆ ಅರಿಶಿನ ಹಚ್ಚಿದ ನೋಟ್‌ಬುಕ್ಕು, ಪೆನ್ನು ಹಿಡಿದು ಕೂತ ಸೋದರಮಾವನೋ ದೊಡ್ಡಪ್ಪನ ಮಗನೋ ಇದ್ದೇ ಇರುತ್ತಾರೆ. ಕವರು ಕೈಗೆ ಬಂದ ಕೂಡಲೇ ಬಿಡಿಸಿ, ಎಣಿಸಿ, ಬರೆಯುವುದು ಅವರ ಕೆಲಸ. ಹೆಸರು, ಊರು, ಮೊತ್ತ. ಕುಣಿಗಲ್‌ನಿಂದ ಬಸ್ಸು ಹತ್ತಿ ಬಂದವರು 201 ಕೊಟ್ಟರೆ 201. ಪೀಣ್ಯದ ಲೇತ್ ಶಾಪಿನ ಹುಡುಗರು ದುಡ್ಡು ಹಾಕಿ ತಂದ ಗೋಡೆ ಗಡಿಯಾರಕ್ಕೂ ಒಂದು ಸಾಲು. ಮುಯ್ಯಿ ಎಂದರೆ ಒಂದು ಬಗೆಯ ಸಾಲ. ನಾಳೆ ಅವರ ಮನೆಯಲ್ಲಿ ಮದುವೆಯಾದಾಗ ಈ ಪುಸ್ತಕ ತೆಗೆದು ನೋಡಿ, ಅಷ್ಟಕ್ಕೆ ಒಂದಿಷ್ಟು ಸೇರಿಸಿ ತೀರಿಸಬೇಕು. ತೀರಿಸದಿದ್ದರೆ ಮಾನ ಹೋಗುತ್ತದೆ.

ಅದೇ ವೇದಿಕೆಯ ಮೇಲೆ ಕೂತ ಹುಡುಗಿಯ ಮೈಮೇಲೆ 80 ಗ್ರಾಂ ಬಂಗಾರವಿದೆ ಎನ್ನಿ. ಜೊತೆಗೆ ಬೀರು, ಮಂಚ, ವಾಷಿಂಗ್ ಮಷಿನ್ನು. ಹುಡುಗನಿಗೆ ಚೈನು, ಉಂಗುರ, ಹೊರಗೆ ಹೂವಿನ ಹಾರ ಹಾಕಿಸಿಕೊಂಡು ನಿಂತ ಬೈಕು. ಇವು ಯಾವ ಪುಸ್ತಕದಲ್ಲೂ ಇಲ್ಲ. ತೀರಿಸಬೇಕಾದ ಇನ್ನೂರು ರೂಪಾಯಿ ಬರೆದಿಟ್ಟುಕೊಳ್ಳುವ ನಾವು, ಮಗಳ ಜೊತೆ ಕಳಿಸುವ ಲಕ್ಷಗಳನ್ನು ಬರೆಯುವುದಿಲ್ಲ. ಬರೆದರೆ ಅಪಶಕುನ, ಬೀಗರ ಮೇಲೆ ಅನುಮಾನಪಟ್ಟಂತೆ. ನಾಲ್ಕು ವರ್ಷದ ಮೇಲೆ ಸಿದ್ದಯ್ಯ ರಸ್ತೆಯ ನ್ಯಾಯದೇಗುಲದಲ್ಲಿ, ಕೌಟುಂಬಿಕ ನ್ಯಾಯಾಲಯದ ಮುಂದೆ ನಿಂತು ಅವಳು ‘ನಮ್ಮಪ್ಪ 80 ಗ್ರಾಂ ಹಾಕಿದ್ರು’ ಎಂದಾಗ ಎದುರು ವಕೀಲರ ಮೊದಲ ಪ್ರಶ್ನೆ: ‘ಅದಕ್ಕೆ ಏನಾದರೂ ದಾಖಲೆ ಇದೆಯೇನಮ್ಮ?’

ನಮ್ಮ ಮದುವೆ ಮಾತುಕತೆಯಲ್ಲಿ ಎರಡು ಕ್ರಿಯಾಪದಗಳು ಓಡಾಡುತ್ತವೆ. ಹುಡುಗಿಗೆ ‘ಹಾಕುತ್ತಾರೆ’, ಹುಡುಗನಿಗೆ ‘ಕೊಡುತ್ತಾರೆ’. ಎಷ್ಟು ಹಾಕ್ತೀರ, ಏನು ಕೊಡ್ತೀರ ಎಂದು ದಲ್ಲಾಳಿ ಕೇಳುವಾಗ ಅವನಿಗೆ ಗೊತ್ತಿಲ್ಲದೆಯೇ ಕಾನೂನಿನ ಗೆರೆಯೊಂದನ್ನು ಎಳೆದಿರುತ್ತಾನೆ. ಹಾಕಿದ್ದು ಸ್ತ್ರೀಧನ, ಅದು ಅವಳದು. ತವರಿನವರು ಹಾಕಿದ್ದಷ್ಟೇ ಅಲ್ಲ, ಗಂಡಿನ ಕಡೆಯವರು ಹಾಕಿದ ಮಾಂಗಲ್ಯದ ಸರವೂ, ಅತ್ತೆ ತೊಡಿಸಿದ ಬಳೆಯೂ ಅವಳದೇ. ಕೇಳಿ ಪಡೆದದ್ದು ವರದಕ್ಷಿಣೆ. 1961ರ ವರದಕ್ಷಿಣೆ ನಿಷೇಧ ಕಾಯ್ದೆಯ ಪ್ರಕಾರ ಅದನ್ನು ತೆಗೆದುಕೊಳ್ಳುವುದೂ ಅಪರಾಧ, ಕೊಡುವುದೂ ಅಪರಾಧ. ಯಾರೂ ಕೇಳದೆ ಅಳಿಯನಿಗೆ ಪ್ರೀತಿಯಿಂದ ಕೊಟ್ಟ ವಾಚು ಅವನದೇ. ಅದನ್ನೂ ವಾಪಸು ಕೇಳುವುದು ಮುಯ್ಯಿ ವಾಪಸು ಕೇಳಿದ ಹಾಗೆ.

ಹೆಚ್ಚಿನವರಿಗೆ ತಿಳಿಯದ ಒಂದು ಸಂಗತಿ ಇದೇ ಕಾಯ್ದೆಯ 6ನೇ ಕಲಮಿನಲ್ಲಿದೆ. ವರದಕ್ಷಿಣೆಯೆಂದು ಗಂಡಿನ ಮನೆಯವರು ಯಾರೇ ಪಡೆದಿರಲಿ, ಅದನ್ನು 3 ತಿಂಗಳೊಳಗೆ ಹೆಣ್ಣಿಗೆ ಒಪ್ಪಿಸಬೇಕು. ಒಪ್ಪಿಸುವವರೆಗೆ ಅವಳ ಹಿತಕ್ಕಾಗಿ ಕಾಪಾಡುವ ಧರ್ಮದರ್ಶಿಗಳ ಹಾಗೆ ಇಟ್ಟುಕೊಂಡಿರಬೇಕು. ಅಂದರೆ ಬೀಗರ ಬಾಯಿಗೆ ಹೆದರಿ ‘ಕೊಟ್ಟ’ ಎರಡು ಲಕ್ಷವೂ ಕೊನೆಗೆ ಅವಳದೇ. ಆದರೆ ಈ ಮಾತು ಕೋರ್ಟಿನಲ್ಲಿ ಹೇಳಲು ಅಪ್ಪಂದಿರು ಹಿಂಜರಿಯುತ್ತಾರೆ, ‘ಕೊಟ್ಟೆ ಅಂದ್ರೆ ನನ್ನ ಮೇಲೂ ಕೇಸಾಗುತ್ತಲ್ಲ ಸಾರ್’ ಎಂದು. ನೊಂದವರು ಕೊಡುವ ಹೇಳಿಕೆಯ ಆಧಾರದ ಮೇಲೆ ಅವರ ಮೇಲೆಯೇ ಈ ಕಾಯ್ದೆಯಡಿ ಮೊಕದ್ದಮೆ ಹೂಡುವಂತಿಲ್ಲ ಎಂದು 7ನೇ ಕಲಮು ಹೇಳುತ್ತದೆ. ಅದು ಅಪ್ಪಂದಿರ ಕಿವಿಗೆ ಬೀಳುವುದು ಅಪರೂಪ.

ಒಡವೆ ಹೆಣ್ಣಿನದು ಎನ್ನುವುದಕ್ಕೆ ನಾವು ದೆಹಲಿಯತ್ತ ನೋಡಬೇಕಿಲ್ಲ. ಹಿಂದೂ ಕಾನೂನಿನ ಆಧಾರಗಳಲ್ಲೊಂದಾದ ಮಿತಾಕ್ಷರವನ್ನು ವಿಜ್ಞಾನೇಶ್ವರ ಬರೆದದ್ದು ಚಾಲುಕ್ಯರ ಆರನೇ ವಿಕ್ರಮಾದಿತ್ಯನ ಆಶ್ರಯದಲ್ಲಿ, ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣದಲ್ಲಿ. ಯಾಜ್ಞವಲ್ಕ್ಯ ಸ್ಮೃತಿ ಸ್ತ್ರೀಧನದ ಬಗೆಗಳನ್ನು ಹೇಳಿ ಕೊನೆಗೆ ‘ಮೊದಲಾದವು’ ಎಂದಿತ್ತು. ವಿಜ್ಞಾನೇಶ್ವರ ಆ ‘ಮೊದಲಾದವು’ ಎಂಬ ಸಣ್ಣ ಬಾಗಿಲನ್ನು ಹಿಡಿದು, ಪಿತ್ರಾರ್ಜಿತವಾಗಿ ಬಂದದ್ದು, ಕೊಂಡದ್ದು, ಪಾಲಿನಲ್ಲಿ ಸಿಕ್ಕಿದ್ದು ಎಲ್ಲವನ್ನೂ ಒಳಗೆ ಸೇರಿಸಿಬಿಟ್ಟ. ಬ್ರಿಟಿಷರ ಕಾಲದ ಪ್ರಿವಿ ಕೌನ್ಸಿಲ್ ಅಷ್ಟು ಉದಾರವಾಗಿ ಅದನ್ನು ಒಪ್ಪಲಿಲ್ಲ. ಮೈಸೂರು ಸಂಸ್ಥಾನ 1933ರಲ್ಲೇ ಹಿಂದೂ ಸ್ತ್ರೀಯರ ಹಕ್ಕಿನ ಕಾಯ್ದೆ ತಂದು, ಒಡವೆ ವಸ್ತ್ರಗಳೂ ಮದುವೆಯಲ್ಲಿ ಮತ್ತು ಆಮೇಲೆ ಬಂದ ಉಡುಗೊರೆಗಳೂ ಸ್ತ್ರೀಧನವೆಂದು ಬರೆದಿಟ್ಟಿತು. ಆಗ ಲಗ್ಗೆರೆ ಬೆಂಗಳೂರಿನಾಚೆಯ ಹಳ್ಳಿ.

ಈ ಕಾಲದ ಮುಖ್ಯ ತೀರ್ಪು 1985ರ ಪ್ರತಿಭಾ ರಾಣಿ ಪ್ರಕರಣದ್ದು. ಗಂಡನ ಮನೆಯೊಳಗೆ ಬಂದ ಸ್ತ್ರೀಧನ ಇಬ್ಬರ ಜಂಟಿ ಆಸ್ತಿಯಾಗಿಬಿಡುತ್ತದೆ ಎಂಬ ಪಂಜಾಬ್ ಮತ್ತು ಹರಿಯಾಣ ಹೈಕೋರ್ಟಿನ ನಿಲುವನ್ನು ಸುಪ್ರೀಂ ಕೋರ್ಟ್ ತಳ್ಳಿಹಾಕಿತು. ಹೊಸ್ತಿಲು ದಾಟಿದ ಮಾತ್ರಕ್ಕೆ ಮಾಲೀಕತ್ವ ಬದಲಾಗದು. ನಂಬಿ ಕೈಗಿತ್ತದ್ದನ್ನು ಕೊಡದೆ ಹೋದರೆ ಅದು ಕ್ರಿಮಿನಲ್ ನಂಬಿಕೆದ್ರೋಹ ಎಂದಿತು. ಮೂವರ ಪೀಠದಲ್ಲಿ ಒಬ್ಬರು ಒಪ್ಪಲಿಲ್ಲ. 2015ರಲ್ಲಿ ತ್ರಿಪುರಾದ ಪ್ರಕರಣವೊಂದರಲ್ಲಿ, ಸ್ತ್ರೀಧನ ಹಿಂದಿರುಗಿಸದೆ ಇಟ್ಟುಕೊಂಡಿರುವಷ್ಟು ದಿನವೂ ಅಪರಾಧ ಮುಂದುವರಿಯುತ್ತಲೇ ಇರುತ್ತದೆ, ‘ತಡವಾಯಿತು’ ಎಂದು ಅರ್ಜಿ ತಳ್ಳುವಂತಿಲ್ಲ ಎಂದೂ ಅದೇ ನ್ಯಾಯಾಲಯ ಹೇಳಿತು.

ಹಕ್ಕಿನ ಬಗ್ಗೆ ಹೀಗೆ ತಕರಾರೇ ಉಳಿದಿಲ್ಲ. ತಕರಾರೆಲ್ಲ ಲೆಕ್ಕದ್ದು. ಏನೇನಿತ್ತು, ಅದು ಅವಳದೇ ಎನ್ನುವುದಕ್ಕೆ ಗುರುತೇನು, ಕೊನೆಗೆ ಯಾರ ಕೈಯಲ್ಲಿ ಉಳಿಯಿತು?

ತಮಾಷೆಯೆಂದರೆ ಇದಕ್ಕೂ ಕಾನೂನಿನಲ್ಲಿ ಒಂದು ಪುಸ್ತಕವಿದೆ. 1985ರ ಅಕ್ಟೋಬರ್‌ನಿಂದ ಜಾರಿಯಲ್ಲಿರುವ ನಿಯಮಗಳ ಪ್ರಕಾರ ವಧುವಿಗೆ ಬಂದ ಉಡುಗೊರೆಗಳ ಪಟ್ಟಿಯನ್ನು ವಧು, ವರನಿಗೆ ಬಂದವುಗಳ ಪಟ್ಟಿಯನ್ನು ವರ ಇಟ್ಟುಕೊಳ್ಳಬೇಕು. ವಸ್ತುವಿನ ಚಿಕ್ಕ ವಿವರಣೆ, ಅಂದಾಜು ಬೆಲೆ, ಕೊಟ್ಟವರ ಹೆಸರು, ನೆಂಟರಾದರೆ ಏನಾಗಬೇಕು ಎಂಬುದು, ಕೆಳಗೆ ಇಬ್ಬರ ಸಹಿ. ಓದಿದರೆ ಯಾರೋ ಮಂಡ್ಯದವರು ಮುಯ್ಯಿ ಪುಸ್ತಕ ನೋಡಿಕೊಂಡೇ ಬರೆದಂತಿದೆ. 40 ವರ್ಷಗಳಾದರೂ ಛತ್ರದಲ್ಲಿ ಈ ಪಟ್ಟಿ ಬರೆಸಿದವರನ್ನು ನಾನಂತೂ ಕಂಡಿಲ್ಲ. ಪಟ್ಟಿ ಇಲ್ಲದ ಮಾತ್ರಕ್ಕೆ ಹಕ್ಕು ಹೋಗುವುದಿಲ್ಲ. ಬೇರೆ ದಾರಿಯಲ್ಲಿ ಸಾಬೀತು ಮಾಡಬಹುದು. ಆ ಬೇರೆ ದಾರಿ ಎಂಥದೆಂದು ಲಗ್ಗೆರೆಯ ಒಂದು ಮನೆಯನ್ನು ಊಹಿಸಿಕೊಂಡು ನೋಡೋಣ.

ಹುಡುಗಿ ಗಾರ್ಮೆಂಟ್ಸಿಗೆ ಹೋಗುತ್ತಿದ್ದವಳು. ಹುಡುಗ ಪೀಣ್ಯದಲ್ಲಿ ಪೌಡರ್ ಕೋಟಿಂಗ್ ಮಾಡುವ ಒಂದು ಶೆಡ್ಡಿನಲ್ಲಿ ಸೂಪರ್‌ವೈಸರ್. ಮದುವೆಯಾಗಿ ಬಂದ ಎರಡನೇ ದಿನವೇ ಅತ್ತೆ, ‘ಕೊಡಮ್ಮ, ಬೀರುವಿನಲ್ಲಿ ಇಟ್ಟಿರ್ತೀನಿ, ಈ ಕಡೆ ಕಳ್ಳರ ಕಾಟ’ ಎಂದು ಕರಿಮಣಿ, ಓಲೆ ಬಿಟ್ಟು ಉಳಿದದ್ದೆಲ್ಲ ತೆಗೆದಿಡುತ್ತಾರೆ. ಅತ್ತೆ ಕೆಟ್ಟವರೇನಲ್ಲ, ಕಳ್ಳರ ಭಯ ನಿಜವೇ. ಆರು ತಿಂಗಳಿಗೆ ಮೈದುನನಿಗೆ ಗೂಡ್ಸ್ ಆಟೋ ಕೊಡಿಸಲು ಬಳೆ ಗಿರವಿ ಅಂಗಡಿಗೆ ಹೋಗುತ್ತದೆ. ಮರುವರ್ಷ ಬಾಡಿಗೆ ಕಟ್ಟಿ ಸಾಕಾಗಿ ಮನೆಯನ್ನು ಲೀಸಿಗೆ ಹಾಕಿಕೊಳ್ಳುವಾಗ ನೆಕ್ಲೇಸು ಮಾರಾಟವಾಗುತ್ತದೆ. ಲೀಸ್ ಅಗ್ರಿಮೆಂಟು ಗಂಡನ ಹೆಸರಿನಲ್ಲಿ. ಗಿರವಿ ಚೀಟಿ ಗಂಡನ ಹೆಸರಿನಲ್ಲಿ. ಆಟೋ ಮೈದುನನ ಹೆಸರಿನಲ್ಲಿ. ಬಂಗಾರ ಕೊಂಡ ಬಿಲ್ಲು ಅಪ್ಪನ ಹೆಸರಿನಲ್ಲಿ. ಯಾರ ಆಸ್ತಿಯ ಕಥೆ ಇದು ಎನ್ನುತ್ತೇವೋ ಅವಳು ಇರುವುದು ಫೋಟೋದಲ್ಲಿ ಮಾತ್ರ.

ಹಾಗಾಗಿ ಕೇಸು ಶುರುವಾದರೆ ಮೊದಲು ಬರುವುದು ಮದುವೆ ಆಲ್ಬಂ. ಅದರ ಶಕ್ತಿಯೂ ದೌರ್ಬಲ್ಯವೂ ಒಂದೇ: ಎಲ್ಲ ಕಾಣುತ್ತದೆ, ತೂಕ ಕಾಣುವುದಿಲ್ಲ. ‘ಫೋಟೋದಲ್ಲಿರುವುದು ಒನ್ ಗ್ರಾಂ ಗೋಲ್ಡ್ ಅಂತ ಹೇಳಿದರೆ?’ ಎಂದು ಪಾಟಿ ಸವಾಲಿನಲ್ಲಿ ಕೇಳಿದರೆ ಉತ್ತರಿಸುವುದು ಕಷ್ಟ. ಮದುವೆಗೆ ಬಾಡಿಗೆ ಸೆಟ್ಟು ತರುವವರೂ ಇದ್ದಾರಲ್ಲ. ಆಗ ಬೇಕಾಗುವುದು ಬಿಲ್ಲು. ಬಿಲ್ ಬೇಡ ಎಂದರೆ 3 ಪರ್ಸೆಂಟ್ ಜಿಎಸ್‌ಟಿ ಉಳಿಯುತ್ತದೆಂದು ಚೀಟಿಯ ಮೇಲೆ ಬರೆಸಿಕೊಂಡು ಬಂದ ಅಪ್ಪ ಅಂದು ಉಳಿಸಿದ ಹಣಕ್ಕಿಂತ ಹೆಚ್ಚನ್ನು ಇಲ್ಲಿ ಕಳೆಯುತ್ತಾನೆ. ಅಮ್ಮನ ಹಳೆಯ ಸರ ಕರಗಿಸಿ ಹೊಸದು ಮಾಡಿಸಿದ್ದರೆ ಬಿಲ್ಲಿನಲ್ಲಿ ‘ಹಳೆ ಚಿನ್ನ’ ಎಂದು ಕಳೆದು ಉಳಿದ ಹಣವಷ್ಟೇ ಎದ್ದು ಕಾಣುತ್ತದೆ. ಒಟ್ಟು ತೂಕದ ಸಾಲನ್ನು ಬೆರಳಿಟ್ಟು ತೋರಿಸಬೇಕು.

2023ರ ಏಪ್ರಿಲ್‌ನಿಂದ ಅಂಗಡಿಯಲ್ಲಿ ಮಾರುವ ಹಾಲ್‌ಮಾರ್ಕ್ ಒಡವೆಗಳ ಮೇಲೆ 6 ಅಕ್ಷರ-ಅಂಕಿಗಳ ಎಚ್‌ಯುಐಡಿ ಗುರುತು ಕಡ್ಡಾಯ. ಒಂದೊಂದು ಒಡವೆಗೂ ಒಂದೊಂದು ಸಂಖ್ಯೆ. ಅದು ಮಾಲೀಕರ ಹೆಸರು ಹೇಳುವುದಿಲ್ಲ, ನಿಜ. ಆದರೆ ಬಿಲ್ಲಿನ ಪಕ್ಕ ಆ ಸಂಖ್ಯೆ ಬರೆದಿಟ್ಟುಕೊಂಡಿದ್ದರೆ, ಅಥವಾ ಮೊಬೈಲಿನಲ್ಲಿ ಹತ್ತಿರದಿಂದ ಒಂದು ಫೋಟೋ ಇದ್ದರೆ, ಅತ್ತೆಯ ಬೀರುವಿನಲ್ಲೋ ಲಾಕರಿನಲ್ಲೋ ಸಿಕ್ಕ ಬಳೆ ಅದೇ ಬಳೆ ಎಂದು ತೋರಿಸಬಹುದು. ಮೊದಲಿದ್ದ ಜಗಳವೇ ಅದಾಗಿತ್ತು: ಬಳೆಗಳೆಲ್ಲ ಒಂದೇ ಥರ.

ಇದಕ್ಕಿಂತ ಗಟ್ಟಿ ಸಾಕ್ಷಿ ಸಿಗುವುದು ಯಾರೂ ಹುಡುಕದ ಕಡೆ, ಗಿರವಿ ಅಂಗಡಿಯಲ್ಲಿ. ಲಗ್ಗೆರೆಯ ಮುಖ್ಯರಸ್ತೆಯಲ್ಲಿ ನಡೆದರೆ ಚಿನ್ನದ ಸಾಲದ ಬೋರ್ಡುಗಳಿಗೆ ಬರವಿಲ್ಲ. ಸಾಲ ಕೊಡುವ ಸಂಸ್ಥೆ ಒಡವೆಯನ್ನು ಪರೀಕ್ಷಿಸಿ, ತೂಗಿ, ಬಗೆ ಬರೆದು, ದಿನಾಂಕ ಹಾಕಿ ಚೀಟಿ ಕೊಡುತ್ತದೆ. ಗಿರವಿದಾರರು ಪುಸ್ತಕ ಇಡಬೇಕೆಂದು, ಚೀಟಿ ಕೊಡಬೇಕೆಂದು 1961ರ ಕರ್ನಾಟಕ ಗಿರವಿದಾರರ ಕಾಯ್ದೆಯೂ ಹೇಳುತ್ತದೆ. ಗಂಡನ ಹೆಸರಿನಲ್ಲಿ ‘ಬಳೆ 4, 32 ಗ್ರಾಂ’ ಎಂಬ ಚೀಟಿ ಸಿಕ್ಕಿತೆನ್ನಿ. ಬಂಗಾರವಿತ್ತು, ಅದು ಒನ್ ಗ್ರಾಂ ಗೋಲ್ಡ್ ಅಲ್ಲ, ಗಂಡನ ಕೈಗೆ ಹೋಗಿತ್ತು ಎಂಬ ಮೂರೂ ಆ ಒಂದು ತುಂಡು ಕಾಗದದಲ್ಲಿ ಒಟ್ಟಿಗೆ ಹೊರಬರುತ್ತವೆ. ಮದುವೆಯ ದಿನ ಬರೆಯದ ಪಟ್ಟಿಯನ್ನು ಕಷ್ಟದ ದಿನ ಅಪರಿಚಿತನೊಬ್ಬ ಬರೆದುಕೊಟ್ಟ ಹಾಗೆ. ಸಂಸ್ಥೆಯ ದಾಖಲೆ ತರಿಸಿಕೊಡಿ ಎಂದು ನ್ಯಾಯಾಲಯವನ್ನು ಕೇಳಬಹುದು. ಬ್ಯಾಂಕ್ ಲಾಕರಾದರೆ ಯಾವ ದಿನ ಯಾರು ತೆರೆದರು ಎಂಬ ಪುಸ್ತಕವಿರುತ್ತದೆ.

ಅಪ್ಪನ ಕಡೆಯಿಂದ ನೋಡಬೇಕಾದದ್ದು ದುಡ್ಡಿನ ಮೂಲ. ಮಗಳ ಮದುವೆಗೆಂದು ಪಿಎಫ್ ತೆಗೆದದ್ದು, ಊರಲ್ಲಿ ಜಮೀನು ಮಾರಿದ್ದು, ಚೀಟಿ ಎತ್ತಿದ್ದು. ಮದುವೆಗೆ ಹದಿನೈದು ದಿನ ಮುಂಚೆ ಖಾತೆಯಿಂದ ಹೋದ ಹಣವೂ ಅಂಗಡಿಯ ಬಿಲ್ಲೂ ಹೊಂದಿಕೊಂಡರೆ ‘ಕೂಲಿ ಮಾಡೋರಿಗೆ ಇಷ್ಟು ಬಂಗಾರ ಎಲ್ಲಿಂದ ಬಂತು’ ಎಂಬ ಚುಚ್ಚುಮಾತಿಗೆ ಉತ್ತರ ಸಿಕ್ಕಂತೆ. ಈ ಕಡೆಯ ಹೆಣ್ಣುಮಕ್ಕಳ ವಿಷಯದಲ್ಲಿ ಇನ್ನೊಂದು ಮಾತಿದೆ. ‘ತವರಿನವರು ಹಾಕಿದ್ದು’ ಎನ್ನುವ ಬಂಗಾರದಲ್ಲಿ ಒಂದು ಪಾಲು ಅವಳೇ ಐದಾರು ವರ್ಷ ಹೊಲಿಗೆ ಮಷಿನ್ನಿನ ಮುಂದೆ ಕೂತು ದುಡಿದದ್ದು. ಅದನ್ನು ಅಪ್ಪನ ಲೆಕ್ಕಕ್ಕೆ ಬರೆಯುವುದು ಮರ್ಯಾದೆ ಎಂದುಕೊಂಡು ತನ್ನ ಸಂಬಳದ ಬ್ಯಾಂಕ್ ಪಾಸ್‌ಬುಕ್ಕನ್ನೇ ಅವಳು ಕೋರ್ಟಿಗೆ ತರುವುದಿಲ್ಲ.

ಕೌಟುಂಬಿಕ ನ್ಯಾಯಾಲಯದ ಒಂದು ಅನುಕೂಲವೆಂದರೆ ಕಾಗದದ ವಿಷಯದಲ್ಲಿ ಅದು ಅಷ್ಟು ಮಡಿವಂತಿಕೆ ಮಾಡಬೇಕಿಲ್ಲ. ವಿವಾದ ಬಗೆಹರಿಸಲು ನೆರವಾಗುವ ಯಾವ ದಾಖಲೆಯನ್ನಾದರೂ, ಸಾಕ್ಷ್ಯ ಕಾಯ್ದೆಯ ಕಟ್ಟಿಗೆ ಕೂರದಿದ್ದರೂ, ನೋಡಬಹುದೆಂದು 1984ರ ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆಯ 14ನೇ ಕಲಮು ಹೇಳುತ್ತದೆ. ವಾಟ್ಸ್‌ಆ್ಯಪ್ ಮಾತು, ವಿಡಿಯೊಗಳನ್ನು ಹಾಜರುಪಡಿಸುವಾಗ ಮಾತ್ರ ಹೊಸ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಜೊತೆಗಿಡುವುದು ಜಾಣತನ. ಇದೇ ದಾಖಲೆ ಮುಂದೆ ಕ್ರಿಮಿನಲ್ ಕೋರ್ಟಿಗೂ ಬೇಕಾದೀತು. ಅಲ್ಲಿ ಈ ಸಡಿಲ ಇಲ್ಲ. ‘ನಿನ್ನ ಬಳೆ ಮುಂದಿನ ತಿಂಗಳು ಬಿಡಿಸಿಕೊಡ್ತೀನಿ, ಸುಮ್ನಿರು’ ಎಂಬ ಗಂಡನ ಒಂದು ಹಳೆಯ ಮೆಸೇಜು, ಮೂವರು ನೆಂಟರ ಸಾಕ್ಷಿಗಿಂತ ತೂಕವಾದದ್ದು.

ಎಷ್ಟು ಸಾಬೀತು ಮಾಡಿದರೆ ಸಾಕು? ಇದಕ್ಕೆ ಕೇರಳದ ಆಲಪ್ಪುಳದಿಂದ ಹೋದ ಒಂದು ಪ್ರಕರಣದಲ್ಲಿ 2024ರ ಏಪ್ರಿಲ್ 24ರಂದು ಸುಪ್ರೀಂ ಕೋರ್ಟ್ ಉತ್ತರ ಕೊಟ್ಟಿತು. 2003ರ ಮದುವೆ. ತವರಿನವರು ಹಾಕಿದ್ದು 89 ಪವನ್. ಮೊದಲ ರಾತ್ರಿಯೇ ಜೋಪಾನ ಮಾಡುವ ನೆಪದಲ್ಲಿ ಗಂಡ ಒಡವೆ ತೆಗೆದುಕೊಂಡು ತನ್ನ ತಾಯಿಗೆ ಕೊಟ್ಟ, ಅದು ಅವರ ಹಳೆಯ ಸಾಲಕ್ಕೆ ಹೋಯಿತು ಎಂಬುದು ಹೆಂಡತಿಯ ದೂರು. ಕೌಟುಂಬಿಕ ನ್ಯಾಯಾಲಯ 2011ರಲ್ಲಿ ಅವರ ಪರ 8.90 ಲಕ್ಷ ಕೊಡಿಸಿತು; 2022ರಲ್ಲಿ ಹೈಕೋರ್ಟ್ ಪುರಾವೆ ಸಾಲದೆಂದು ಬಂಗಾರದ ಆ ಪರಿಹಾರವನ್ನು ರದ್ದು ಮಾಡಿತು. ಮದುವೆಯ ರಾತ್ರಿ ಗಂಡನ ಕೈಗೆ ಒಡವೆ ಕೊಡುವವಳು ರಸೀದಿ ಕೇಳುತ್ತಾಳೆಯೇ? ಇಂಥ ಸಿವಿಲ್ ವ್ಯಾಜ್ಯದಲ್ಲಿ ಸಂಶಯಾತೀತ ಪುರಾವೆ ಬೇಕಿಲ್ಲ, ತಕ್ಕಡಿ ಯಾವ ಕಡೆ ವಾಲುತ್ತದೆ ಎಂಬುದಷ್ಟೇ ಮುಖ್ಯ ಎಂದು ಸುಪ್ರೀಂ ಕೋರ್ಟ್ ಹೈಕೋರ್ಟಿನ ತೀರ್ಪನ್ನು ಬದಿಗಿಟ್ಟು 25 ಲಕ್ಷ ಕೊಡಿಸಿತು. ಕಷ್ಟಕಾಲದಲ್ಲಿ ಗಂಡ ಸ್ತ್ರೀಧನ ಬಳಸಿಕೊಳ್ಳಬಹುದು, ಆದರೆ ಹಿಂದಿರುಗಿಸುವ ಹೊಣೆ ಅವನ ಮೇಲಿರುತ್ತದೆ ಎಂದೂ ಹೇಳಿತು.

ಅಲ್ಲಿಯೂ ಲೆಕ್ಕ ಹಾಕಿ ನೋಡಬೇಕು. 89 ಪವನ್ ಎಂದರೆ 712 ಗ್ರಾಂ. 25 ಲಕ್ಷವನ್ನು ಅದರಿಂದ ಭಾಗಿಸಿದರೆ ಗ್ರಾಮಿಗೆ ಮೂರೂವರೆ ಸಾವಿರ ಚಿಲ್ಲರೆ. ಆ ತಿಂಗಳು ಮಾರುಕಟ್ಟೆಯಲ್ಲಿ ಬಂಗಾರ 6,000 ದಾಟಿತ್ತು. ಇಪ್ಪತ್ತೊಂದು ವರ್ಷ ಕಾದು ಗೆದ್ದವರಿಗೂ ಬಂಗಾರದ ತೂಕಕ್ಕೆ ಸರಿಯಾಗಿ ಸಿಗಲಿಲ್ಲ. ಇಂಥ ಅರ್ಜಿ ಹಾಕುವವರು ರೂಪಾಯಿಯನ್ನಷ್ಟೇ ಕೇಳದೆ ಒಡವೆಯನ್ನೇ ಅಥವಾ ಕೊಡುವ ದಿನದ ಬೆಲೆಯನ್ನು ಕೇಳಬೇಕು ಎಂದು ನನಗನ್ನಿಸುವುದು ಇದಕ್ಕೇ.

ತಕ್ಕಡಿ ಯಾವ ಕಡೆ ವಾಲುತ್ತದೆ ಎನ್ನುವುದು ಮಾತಿನ ಮೇಲೂ ನಿಂತಿದೆ. ಲೀಗಲ್ ನೋಟಿಸಿನಲ್ಲಿ 80 ಗ್ರಾಂ, ಠಾಣೆಯ ದೂರಿನಲ್ಲಿ 150, ಕೋರ್ಟಿನ ಅರ್ಜಿಯಲ್ಲಿ ಕಾಲು ಕೆಜಿ ಎಂದು ಪಟ್ಟಿ ಉಬ್ಬುತ್ತಾ ಹೋದರೆ ನಿಜವಾಗಿ ಇದ್ದ 80 ಗ್ರಾಮೂ ಕರಗುತ್ತದೆ. ಕೋಪದಲ್ಲಿರುವ ತವರು, ‘ಜಾಸ್ತಿ ಬರೆದಿಡಿ, ಆಮೇಲೆ ಇಳಿಸಬಹುದು’ ಎನ್ನುವ ಹಿತೈಷಿಗಳು ಸೇರಿ ಮಾಡುವ ಕೆಲಸ ಇದು. ಗಂಡಿನ ಕಡೆಗೂ ಒಂದು ನ್ಯಾಯವಾದ ವಾದವಿದೆ: ಒಡವೆ ಮೈಮೇಲೆ ಹಾಕಿಕೊಂಡು ತಾನೇ ಅವಳು ತವರಿಗೆ ಹೋದದ್ದು? ದಿನವೂ ತೊಡುವ ಸರ, ಓಲೆಗಳ ವಿಷಯದಲ್ಲಿ ಈ ಮಾತನ್ನು ನ್ಯಾಯಾಧೀಶರು ಸುಲಭವಾಗಿ ತಳ್ಳಿಹಾಕುವುದಿಲ್ಲ. ಅವಳು ಯಾವ ದಿನ, ಯಾವ ಸ್ಥಿತಿಯಲ್ಲಿ ಮನೆ ಬಿಟ್ಟಳು, ಕೈಯಲ್ಲಿ ಏನಿತ್ತು ಎಂಬುದನ್ನು ನೆನಪಿನಲ್ಲಿದ್ದಂತೆ ಮೊದಲ ದೂರಿನಲ್ಲೇ ಹೇಳಿರುವುದು ಅದಕ್ಕೇ ಮುಖ್ಯವಾಗುತ್ತದೆ.

ಬರೆದಿಟ್ಟರೂ ಯಾರಿಗೆ ಎಂದು ಬರೆದಿದೆ ಎಂಬುದರ ಮೇಲೆ ಎಂಥ ಜಗಳ ನಡೆಯಬಹುದು ಎನ್ನುವುದಕ್ಕೆ 2025ರ ಡಿಸೆಂಬರ್‌ನ ಇನ್ನೊಂದು ತೀರ್ಪಿದೆ. ಪಶ್ಚಿಮ ಬಂಗಾಳದ ಮುಸ್ಲಿಂ ದಂಪತಿಯದು. ಅಪ್ಪ ಕೊಟ್ಟ 7 ಲಕ್ಷ ರೂಪಾಯಿ ಮತ್ತು ಬಂಗಾರ ನಿಕಾಹ್ ನೋಂದಣಿಯ ಪುಸ್ತಕದಲ್ಲೇ ದಾಖಲಾಗಿತ್ತು. ಅದು ಕೊಟ್ಟದ್ದು ಮಗಳಿಗೋ ಅಳಿಯನಿಗೋ ಎಂಬುದೇ ಪ್ರಶ್ನೆ. ಅಳಿಯನಿಗೆ ಎಂಬಂತೆ ಅಪ್ಪನೇ ಬೇರೊಂದು ಪ್ರಕರಣದಲ್ಲಿ ಹೇಳಿದ್ದ. ಸುಪ್ರೀಂ ಕೋರ್ಟ್ ಹೆಂಡತಿಯ ಪರ ನಿಂತಿತು. ವಿಚ್ಛೇದಿತ ಮುಸ್ಲಿಂ ಮಹಿಳೆಗೆ ಮದುವೆಯಲ್ಲಿ ಬಂದದ್ದೆಲ್ಲ ಅವಳದೇ ಎನ್ನುವ 1986ರ ಕಾಯ್ದೆಯನ್ನು ಅವಳ ಘನತೆಯ ಕಣ್ಣಿನಿಂದ ಓದಬೇಕು ಎಂದಿತು. ಲಗ್ಗೆರೆಯಲ್ಲಿ ಅಕ್ಕಪಕ್ಕದ ಗಲ್ಲಿಗಳಲ್ಲೇ ಇರುವ ಮುಸ್ಲಿಮರ ಮನೆಗಳಿಗೂ ಪಕ್ಕದ ಒಕ್ಕಲಿಗರ, ಲಿಂಗಾಯತರ ಮನೆಗಳಿಗೂ ಕಾಯ್ದೆಯ ಹೆಸರು ಬೇರೆ, ಬೀರುವಿನ ಕಥೆ ಒಂದೇ.

ಎಲ್ಲರೂ ವಿಚ್ಛೇದನದವರೆಗೆ ಹೋಗಬೇಕಿಲ್ಲ. 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆಯಡಿ ಸ್ತ್ರೀಧನ ವಾಪಸು ಕೊಡಿಸಿ, ಅಷ್ಟರೊಳಗೆ ಮಾರದಂತೆ, ಲಾಕರು ಮುಟ್ಟದಂತೆ ತಡೆಯಿರಿ ಎಂದು ಮ್ಯಾಜಿಸ್ಟ್ರೇಟರನ್ನು ಕೇಳಬಹುದು. ನಮ್ಮಲ್ಲಿ ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ ಇಲಾಖೆಯ ಸಿಡಿಪಿಓಗಳೇ ಸಂರಕ್ಷಣಾಧಿಕಾರಿಗಳಾಗಿ ಈ ದೂರಿನ ವರದಿ ಬರೆಯುತ್ತಾರೆ. ನ್ಯಾಯದೇಗುಲದ ಕಾನೂನು ಸೇವಾ ಪ್ರಾಧಿಕಾರದಲ್ಲಿ ಹೆಣ್ಣುಮಕ್ಕಳಿಗೆ ವಕೀಲರು ಉಚಿತ. ರಾಜಿಯಾಗುವುದೂ ಉಂಟು. ಠಾಣೆಯ ಅಂಗಳದಲ್ಲಿ ಟೆಂಪೋ ತಂದು ಬೀರು, ಮಂಚ, ಪಾತ್ರೆ ತುಂಬಿಸಿ, ಗಲಾಟೆಯಲ್ಲಿ ‘ಎಲ್ಲ ವಸ್ತುಗಳೂ ಮುಟ್ಟಿವೆ’ ಎಂಬ ಒಂದು ಸಾಲಿಗೆ ಅವಳ ಸಹಿ ಹಾಕಿಸಿಬಿಡುತ್ತಾರೆ. ಆ ‘ಎಲ್ಲ’ ಎಂಬ ಪದದೊಳಗೆ ಬಂಗಾರವೂ ಮುಳುಗಿಹೋಗುತ್ತದೆ. ಸ್ಟೀಲ್ ಲೋಟವನ್ನೂ ಎಣಿಸಿ ಬರೆಸಿದವಳು ಜಿಪುಣಿಯಲ್ಲ.

2024ರ ಆಗಸ್ಟ್‌ನಲ್ಲಿ ತೆಲಂಗಾಣದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಇನ್ನೊಂದು ಮಾತು ಸ್ಪಷ್ಟಪಡಿಸಿತು. ಮಗಳಿಗೆ ಹಾಕಿದ ಬಂಗಾರವನ್ನು ಅವಳ ಅಧಿಕಾರಪತ್ರವಿಲ್ಲದೆ ಅಪ್ಪ ಬೀಗರಿಂದ ವಾಪಸು ಕೇಳುವಂತಿಲ್ಲ. ಅದು ಗಂಡನದ್ದಲ್ಲದ ಹಾಗೆಯೇ ಅಪ್ಪನದ್ದೂ ಅಲ್ಲ. ಬಿಲ್ಲು ತನ್ನ ಹೆಸರಿನಲ್ಲಿದೆ ಎಂದು ಹೊರಡುವ ಅಪ್ಪಂದಿರಿಗೆ ಇದು ಹೊಸ ಸುದ್ದಿ.

ಮುಯ್ಯಿ ಪುಸ್ತಕವನ್ನು ಕೋರ್ಟಿಗೆ ತರಬಹುದೇ ಎಂದರೆ ತರಬಹುದು. ಸೋದರಮಾವ ಹಾಕಿದ ಉಂಗುರ, 4 ಗ್ರಾಂ ಎಂದು ಒಂದು ಸಾಲಿದೆ ಎನ್ನಿ. ಬರೆದ ದೊಡ್ಡಪ್ಪನ ಮಗನನ್ನೇ ಕರೆಸಿ, ಇದು ತನ್ನ ಅಕ್ಷರವೆಂದು ಅವನು ಒಪ್ಪಿದ ಮೇಲೆ, ಅರಿಶಿನ ಮಾಸಿದ ಆ ನೋಟ್‌ಬುಕ್ಕಿಗೆ ನಿಶಾನೆ ಸಂಖ್ಯೆ ಬೀಳುತ್ತದೆ. ಆಮೇಲೆ ಪಾಟಿ ಸವಾಲು. ಪುಸ್ತಕದ ಮೇಲೆ ಯಾರ ಹೆಸರಿದೆ? ಹುಡುಗಿಯ ತಂದೆಯದು. ಒಳಗೆಲ್ಲಾದರೂ ಹುಡುಗಿಯ ಹೆಸರಿದೆಯೇ? ಹಾಳೆ ತಿರುವುತ್ತಾನೆ, ಇಲ್ಲ. ಈ ಉಂಗುರ ಯಾರಿಗೆ ಕೊಟ್ಟದ್ದೆಂದು ಬರೆದಿದೆಯೇ?

‘ಅದನ್ನ ಯಾರು ಬರೀತಾರೆ ಸ್ವಾಮಿ, ಎಲ್ಲರಿಗೂ ಗೊತ್ತಿರೋದೇ ಅಲ್ವಾ.’